ಬಿದ್ದದ್ದೋ, ದೂಡಿದ್ದೋ

ಮಂಗಳವಾರ ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ, ಬೈಕುಲ್ಲಾ ಸ್ಟೇಶನ್ನಿನ ಪ್ಲಾಟ್‌ಫಾರ್ಮಿನ ಮೇಲೆ, ಹರಿಣಿ ತನಗಿಂತ ವಯಸ್ಸಿನಲ್ಲಿ ದೊಡ್ಡವಳಾದ ಹೆಂಗಸೊಬ್ಬಳನ್ನು ಎರಡೂ ಕೈಗಳಿಂದ ದೂಡಿದಳು.

ಜಗಳ ಕುರ್ಲಾದಲ್ಲೇ ಶುರುವಾಗಿತ್ತು. ಲೋಕಲ್ ರೈಲಿನ ಲೇಡೀಸ್ ಡಬ್ಬದ ಬಾಗಿಲ ಹತ್ತಿರ ಆ ಹೆಂಗಸು ತಲೆತುಂಬ ಸೆರಗು ಹೊದ್ದು, ಸಿಮೆಂಟಿನ ಧೂಳು ಹತ್ತಿದ ಚೀಲವೊಂದನ್ನು ಕಾಲುಗಳ ನಡುವೆ ಇಟ್ಟುಕೊಂಡು ನಿಂತಿದ್ದಳು. ಹರಿಣಿ "ಅಂದರ್ ಚಲೋ ನಾ" ಎಂದಳು. "ಮೈ ಭೀ ಭಾಯ್ಕಳಾ ಉತರ್ನೇಕಾ" ಎಂದಳು ಆಕೆ, ತಾನೂ ಬೈಕುಲ್ಲಾದಲ್ಲೇ ಇಳಿಯುವವಳು ಎಂದು. ಅಷ್ಟಕ್ಕೆ ಮುಗಿಯಬೇಕಿತ್ತು. ಆದರೆ ದಾದರಿನಲ್ಲಿ ಜನ ಇಳಿದು ಮತ್ತೆ ಅಷ್ಟೇ ಜನ ಹತ್ತಿದರು. ಆ ಚೀಲ ಬಂದು ಹರಿಣಿಯ ಬಿಳಿ ಸಲ್ವಾರಿಗೆ ಒತ್ತಿಕೊಂಡಿತು. ಹರಿಣಿ ಏನೋ ಅಂದಳು, ಆಕೆಯೂ ಏನೋ ಅಂದಳು, ಸುತ್ತಲಿನವರು ಇಬ್ಬರನ್ನೂ ಸುಮ್ಮನಿರಿಸಿದರು.

ಬೈಕುಲ್ಲಾದಲ್ಲಿ ಇಳಿಯುವಾಗ ಹಿಂದಿನಿಂದ ನೂಕುನುಗ್ಗಲು. ಆಯ ತಪ್ಪಿದ ಆ ಹೆಂಗಸು ಕೈಗೆ ಸಿಕ್ಕಿದ್ದನ್ನು ಹಿಡಿದುಕೊಂಡಳು. ಸಿಕ್ಕಿದ್ದು ಹರಿಣಿಯ ಹೆಗಲಚೀಲದ ಪಟ್ಟಿ. ಪಟ್ಟಿ ಕಿತ್ತು ಬಂತು. ಚೀಲ ಕೆಳಗೆ ಬಿದ್ದು, ಊಟದ ಡಬ್ಬಿಯ ಮುಚ್ಚಳ ಹಾರಿ, ಕುಚ್ಚಲಕ್ಕಿ ಅನ್ನವೂ ಬಸಳೆ ಸಾಂಬಾರೂ ಪ್ಲಾಟ್‌ಫಾರ್ಮಿನ ಮೇಲೆ ಹರಡಿದವು. ಹರಿಣಿ ತಿರುಗಿದಳು. ಅಷ್ಟರಲ್ಲಿ ಆಕೆ ಎರಡೂ ಕಾಲೂರಿ ನೆಟ್ಟಗೆ ನಿಂತಾಗಿತ್ತು. ಕೈ ಎತ್ತಿ ಏನೋ ಹೇಳಲು ಬಾಯಿ ತೆರೆದಿದ್ದಳು. ಬಹುಶಃ ತಪ್ಪಾಯಿತು ಅನ್ನಲಿಕ್ಕೆ. ಹರಿಣಿ ಅದನ್ನು ನೋಡಿದಳು. ನೋಡಿಯೂ ದೂಡಿದಳು.

ಹೆಂಗಸು ಬಲಗೈ ಊರಿಕೊಂಡು ಬಿದ್ದಳು, ಮುಖ ನೆಲಕ್ಕೆ ತಾಗಿತು. ಒಣಕಟ್ಟಿಗೆ ಮುರಿದಂಥ ಸದ್ದಾಯಿತು. ಒಡನೆಯೇ ಜನ ನಡುವೆ ಬಂದರು. ಯಾರೋ "ಅರೇ, ಆಂಟಿ ಗಿರ್ ಗಯೀ" ಎಂದು ಕೂಗಿದರು. ಹರಿಣಿ ಹರಿದ ಚೀಲವನ್ನು ಎದೆಗವಚಿಕೊಂಡು, ಡಬ್ಬಿಯನ್ನು ಅಲ್ಲೇ ಬಿಟ್ಟು, ಮೆಟ್ಟಿಲು ಹತ್ತಿದಳು. ಒಂಬತ್ತೂವರೆಯೊಳಗೆ ಬೆರಳಚ್ಚು ಒತ್ತದಿದ್ದರೆ ಅರ್ಧ ದಿನದ ರಜೆ ಹೋಗುತ್ತದೆ. ಆಗ ಅವಳಿಗೆ ಹೊಳೆದದ್ದು ಅಷ್ಟೇ.

ಸ್ಟೇಶನ್ನಿನಿಂದ ಹತ್ತು ನಿಮಿಷದ ದಾರಿಯ ಒಂದು ಟ್ರಸ್ಟ್ ಆಸ್ಪತ್ರೆಯಲ್ಲಿ ಹರಿಣಿಗೆ ಕೆಲಸ. ಹನ್ನೊಂದು ವರ್ಷವಾಗಿತ್ತು. ರೋಗಿಗಳ ಕಾಗದಗಳೆಲ್ಲ ಬಂದು ಸೇರುವ ರೆಕಾರ್ಡ್ ರೂಮಿನಲ್ಲಿ ಕೂತು, ಡಾಕ್ಟರು ಬರೆದದ್ದನ್ನು ಓದಿ, ಪ್ರತಿ ಕಾಯಿಲೆಗೂ ಪ್ರತಿ ಗಾಯಕ್ಕೂ ಅದರ ಸಂಕೇತದ ಅಂಕಿಯನ್ನು ಕಂಪ್ಯೂಟರಿಗೆ ಹಾಕುವುದು ಅವಳ ಕೆಲಸ. ಕೋಡಿಂಗ್ ಎಂದರೆ ಮನೆಯಲ್ಲಿ ಯಾರಿಗೂ ಅರ್ಥವಾಗುತ್ತಿರಲಿಲ್ಲ. ಗಾಯವಾದರೆ ಎರಡು ಕೋಡ್ ಹಾಕಬೇಕು: ಏನು ಮುರಿಯಿತು ಎನ್ನುವುದಕ್ಕೆ ಒಂದು, ಹೇಗೆ ಮುರಿಯಿತು ಎನ್ನುವುದಕ್ಕೆ ಇನ್ನೊಂದು. ಕಾಲು ಜಾರಿ ಬಿದ್ದರೆ ಒಂದು ಅಂಕಿ. ಗುಂಪಿನಲ್ಲಿ ಇನ್ನೊಬ್ಬರ ಮೈ ತಾಗಿ ಬಿದ್ದರೆ ಬೇರೆ ಅಂಕಿ. ಯಾರಾದರೂ ಬೇಕೆಂದೇ ಕೈಮಾಡಿ ಬೀಳಿಸಿದರೆ ಅದು ಪುಸ್ತಕದ ಬೇರೆ ಅಧ್ಯಾಯಕ್ಕೇ ಹೋಗುತ್ತದೆ. ಆ ಅಧ್ಯಾಯದ ಹೆಸರು ಹಲ್ಲೆ.

ಹೊಸದಾಗಿ ಸೇರುವ ಹುಡುಗಿಯರಿಗೆ ಅವಳು ಮೊದಲ ದಿನವೇ ಹೇಳುತ್ತಿದ್ದಳು: "ನೀವು ಊಹೆ ಮಾಡಬೇಡಿ. ಮುಖದ ಮೇಲೆ ಐದು ಬೆರಳಿನ ಗುರುತು ಇದ್ದರೂ, ಹಾಳೆಯಲ್ಲಿ ಬಾತ್‌ರೂಮಿನಲ್ಲಿ ಬಿದ್ದೆ ಅಂತ ಇದ್ದರೆ, ನಮಗೆ ಅದು ಬಿದ್ದದ್ದೇ."

ಆ ದಿನ ಅವಳಿಗೆ ಕೂತಲ್ಲಿ ಕೂರಲಾಗಲಿಲ್ಲ. ನಾಲ್ಕು ಸಲ ನೀರಿಗೆ ಎದ್ದಳು, ಎರಡು ಸಲ ಕೈ ತೊಳೆದು ಬಂದಳು. ಆಕೆ ಎದ್ದು ಹೋಗಿರುತ್ತಾಳೆ, ಮುಂಬಯಿಯಲ್ಲಿ ಯಾರು ಬೀಳುವುದಿಲ್ಲ, ಬಿದ್ದವರು ಏಳುತ್ತಾರೆ, ಎಂದುಕೊಂಡಳು. ಆ ಸದ್ದು ಮಾತ್ರ ಕಿವಿಯಿಂದ ಹೋಗಲಿಲ್ಲ. ಆ ಸದ್ದಿನ ಅಂಕಿ ಅವಳಿಗೆ ಬಾಯಿಪಾಠವಿತ್ತು.

ಬುಧವಾರ ಹನ್ನೊಂದು ಗಂಟೆಗೆ ಹಿಂದಿನ ದಿನದ ಕ್ಯಾಜುವಲ್ಟಿ ಹಾಳೆಗಳ ಕಟ್ಟು ಮೇಜಿಗೆ ಬಂತು. ಆರನೆಯ ಹಾಳೆ: ಹಾಲವ್ವ ಶಾಂತಪ್ಪ ತಳವಾರ, ಹೆಣ್ಣು, ಐವತ್ತೆರಡು ವರ್ಷ, ಕುರ್ಲಾ, ಕಟ್ಟಡ ಕೂಲಿ. ಬಲ ಮಣಿಕಟ್ಟಿನ ಎಲುಬು ಮುರಿದಿದೆ, ಮುಂದಿನ ಹಲ್ಲೊಂದು ಹೋಗಿದೆ, ಆಪರೇಶನ್ನಿಗಾಗಿ ವಾರ್ಡಿಗೆ ಸೇರಿಸಲಾಗಿದೆ. ಸ್ಥಳ: ಬೈಕುಲ್ಲಾ ಸ್ಟೇಶನ್.

ಹಾಲವ್ವ. ಕನ್ನಡದವಳು. ಇಬ್ಬರೂ ತಮ್ಮದಲ್ಲದ ಹಿಂದಿಯಲ್ಲಿ ಜಗಳವಾಡಿದ್ದರು ಎಂಬುದು ಹರಿಣಿಗೆ ಆಗ ತಿಳಿಯಿತು.

ಹೇಗಾಯಿತು ಎನ್ನುವಲ್ಲಿ ಎರಡು ಮಾತಿದ್ದವು. ಡಾಕ್ಟರ ಕೈಬರಹದಲ್ಲಿ: 'ಯಾರೋ ಹೆಂಗಸು ದೂಡಿದ್ದರಿಂದ ಬಿದ್ದದ್ದು, ಮಗಳ ಹೇಳಿಕೆ.' ಅದರ ಕೆಳಗೆ ನರ್ಸಿನ ಹಾಳೆಯಲ್ಲಿ: 'ಕಾಲು ಜಾರಿ ಬಿದ್ದದ್ದು, ರೋಗಿಯ ಹೇಳಿಕೆ.' ಪೊಲೀಸರಿಗೆ ತಿಳಿಸಬೇಕಾದ ಕೇಸೋ ಅಲ್ಲವೋ ಎಂಬ ಜಾಗ ಖಾಲಿ ಬಿಟ್ಟಿತ್ತು. ಇಂಥಲ್ಲಿ ಕೋಡ್ ಹಾಕುವವರು ಡಾಕ್ಟರಿಗೆ ಚೀಟಿ ಬರೆದು, ಯಾವುದು ಸರಿ ಎಂದು ಕೇಳಬೇಕು. ಹರಿಣಿ ಚೀಟಿ ಬರೆಯಲಿಲ್ಲ. ಹಾಳೆಯನ್ನು ಕಟ್ಟಿನ ತಳಕ್ಕೆ ಸೇರಿಸಿದಳು. ಸ್ವಲ್ಪ ಹೊತ್ತಿಗೆ ಮತ್ತೆ ಹೊರತೆಗೆದಳು. ಮತ್ತೆ ತಳಕ್ಕೆ ಇಟ್ಟಳು.

ಮಧ್ಯಾಹ್ನ ಊಟದ ಬಿಡುವಿನಲ್ಲಿ ಎರಡನೆಯ ಮಹಡಿಯ ಹೆಂಗಸರ ವಾರ್ಡಿಗೆ ಹೋದಳು. ಬರೀ ನೋಡಿ ಬರುವುದು ಎಂದುಕೊಂಡಿದ್ದಳು. ಮಾಸ್ಕ್ ಹಾಕಿಕೊಂಡಿದ್ದಳು. ವಾರ್ಡಿನ ಹೊರಗೆ ಬೆಂಚಿನ ಮೇಲೆ ಇಪ್ಪತ್ತೆರಡರ ಹುಡುಗಿಯೊಬ್ಬಳು ಆಪರೇಶನ್ನಿನ ಒಪ್ಪಿಗೆಯ ಹಾಳೆಗಳನ್ನು ತೊಡೆಯ ಮೇಲೆ ಹರಡಿಕೊಂಡು ಪೆನ್ನು ಕಚ್ಚುತ್ತಿದ್ದಳು. ಒಳಗಿನಿಂದ ದನಿ ಬಂತು:

"ಸಪ್ನಾ, ಒಂಚೂರ ನೀರ ಕೊಡ ಯವ್ವಾ."

"ಆಯಿ, ನೀರು ನಹೀ, ಡಾಕ್ಟರ್ ಬ್ಯಾಡ ಅಂದ್ರು ನಾ!" ಹುಡುಗಿ ಕೂತಲ್ಲಿಂದಲೇ ತಾಯಿಗೆ ಹೇಳಿದಳು.

ಹರಿಣಿಗೆ ತಿರುಗಿ ಹೋಗಬೇಕೆನಿಸಿತು. ಆದರೆ ಬಾಯಿ ತಾನಾಗಿ ಕೇಳಿತು: "ಫಾರ್ಮ್ ತುಂಬಿ ಕೊಡ್ಬೇಕಾ?"

ಸಪ್ನಾ ತಲೆ ಎತ್ತಿದಳು. "ದೀದಿ, ನಿಮಗೆ ಕನ್ನಡ ಬರ್ತದಾ? ಪ್ಲೀಸ್. ಇಸ್ ಮೇ ಕ್ಯಾ ಲಿಖಾ ಹೈ, ನನಗೆ ಏನೂ ಸಮಜತಾ ಇಲ್ಲ."

ಹರಿಣಿ ಅವಳ ಪಕ್ಕ ಕೂತು ಮೂರು ಹಾಳೆ ತುಂಬಿದಳು. ಸಪ್ನಾ ಕುರ್ಲಾದ ಮಾಲ್ ಒಂದರ ಬಟ್ಟೆ ಅಂಗಡಿಯಲ್ಲಿ ಬಿಲ್ಲಿಂಗಿನವಳು. ಅಪ್ಪ ಶಾಂತಪ್ಪ ತೀರಿಕೊಂಡು ನಾಲ್ಕು ವರ್ಷ. ಊರು ಇಂಡಿ ತಾಲೂಕು, ಅವಳು ನೋಡಿದ್ದು ಎರಡೇ ಸಲ. ತಾಯಿ ಬೈಕುಲ್ಲಾದಲ್ಲಿ ರಿಪೇರಿ ನಡೆದಿರುವ ಹಳೆಯ ಬಿಲ್ಡಿಂಗಿನಲ್ಲಿ ಬುಟ್ಟಿ ಹೊರುತ್ತಾಳೆ.

"ಆಯಿ ಬಿದ್ದಿಲ್ಲ, ದೀದಿ. ಧಕ್ಕಾ ಕೊಟ್ರು. ಆಯೀನ ಎಬ್ಬಿಸಿದ ಲೇಡೀಸ್ ನನಗೆ ಫೋನ್ ಮಾಡಿ ಹೇಳಿದ್ಲು, ಅವಳೇ ನೋಡಿದ್ಲು. ಎರಡು ಕೈಯಿಂದ ಧಕ್ಕಾ. ಆಮೇಲೆ ಭಾಗ್ ಗಯೀ. ಮನುಷ್ಯ ಹೈ ಕ್ಯಾ ಅವಳು?"

ಹರಿಣಿ ಪೆನ್ನಿನ ಮುಚ್ಚಳ ಹುಡುಕುವವಳಂತೆ ಕೆಳಗೆ ಬಗ್ಗಿದಳು.

ಒಳಗೆ ಹಾಲವ್ವ ಕೈಗೆ ಪಟ್ಟಿ ಕಟ್ಟಿಸಿಕೊಂಡು ಮಲಗಿದ್ದಳು. ತುಟಿ ಬಾತಿತ್ತು. ಮಗಳ ಮಾತು ಕೇಳಿಸಿಕೊಂಡು ಅಲ್ಲಿಂದಲೇ ಹೇಳಿದಳು: "ಸುಮ್ಮ ಕೂಡ ಸಪ್ನಾ. ನಾನs ಜಾರಿ ಬಿದ್ದೀನಿ. ಪೊಲೀಸರು ಬಂದರ ಎಂಟ ದಿನ ಅಡ್ಡಾಡಸ್ತಾರ. ಅಷ್ಟರಾಗ ಮುಕಾದಮ ನನ್ನ ಜಾಗಾಕ್ಕ ಬ್ಯಾರೆಯಾಕಿನ್ನ ಹಚಗೋತಾನ." ಆಮೇಲೆ ಹರಿಣಿಯ ಕಡೆ ನೋಡಿ, "ನೀವು ಯಾ ಕಡ್ಯಾವರ್ರಿ?" ಎಂದಳು.

"ಉಡುಪಿ ಕಡೆ."

"ಹೋಟೆಲಿನವರೇನು?"

"ಅಪ್ಪ ಹೋಟೆಲಿನಲ್ಲಿದ್ರು. ಕುರ್ಲಾದಲ್ಲಿ ಗಲ್ಲೆಯ ಮೇಲೆ ಕೂರ್ತಿದ್ರು."

"ದೇವರು ಛಲೋ ಮಾಡ್ಲಿ ನಿಮಗ" ಎಂದು ಹಾಲವ್ವ ಕಣ್ಣು ಮುಚ್ಚಿದಳು. ಹರಿಣಿ ಮೆಟ್ಟಿಲುಗಳನ್ನು ಓಡಿಕೊಂಡೇ ಇಳಿದಳು.

ಸಂಜೆ ಮನೆಯಲ್ಲಿ ತಾಯಿ ನೀಲಾವತಿಗೆ ಮಗಳು ಸರಿಯಿಲ್ಲ ಎಂದು ಗೊತ್ತಾಗಲು ಹೆಚ್ಚು ಹೊತ್ತು ಬೇಕಾಗಲಿಲ್ಲ. ಕುರ್ಲಾ ಪೂರ್ವದ ಹಳೆಯ ಬಿಲ್ಡಿಂಗಿನ ಮೂರನೆಯ ಮಹಡಿಯಲ್ಲಿ ತಾಯಿ ಮಗಳು ಇಬ್ಬರೇ. ತಾಯಿಗೆ ಮೊಣಕಾಲು ನೋವು, ಲಿಫ್ಟಿಲ್ಲ. ದಹಿಸರಿನಲ್ಲಿ ಸಣ್ಣ ಹೋಟೆಲು ಇಟ್ಟಿರುವ ಮಗ ಅಕ್ಷಯ ತಿಂಗಳಿಗೊಮ್ಮೆ ಬಂದು ಹೋಗುತ್ತಿದ್ದ.

"ಎಂತ ಆಯ್ತು ನಿಂಗೆ? ನಿನ್ನೆಯಿಂದ ನೋಡ್ತಾ ಇದ್ದೇನೆ. ಬಾಲ್ಕನಿಗೆ ಹೋಗುದು, ಒಳಗೆ ಬರುದು. ಡಬ್ಬಿ ಎಲ್ಲಿ ಹೋಯ್ತು ಅಂದ್ರೆ ಅದಕ್ಕೂ ಉತ್ತರ ಇಲ್ಲ."

ಹರಿಣಿ ಹೇಳಿದಳು. ನಿಂತುಕೊಂಡೇ, ಒಂದೇ ಉಸಿರಿಗೆ.

ನೀಲಾವತಿ ಬಿಡಿಸುತ್ತಿದ್ದ ಬೀನ್ಸ್ ಪಕ್ಕಕ್ಕಿಟ್ಟರು. "ಬೇಕೂಂತ ಮಾಡಿದ್ದಲ್ಲ ಅಲ್ವಾ? ರಶ್ಶಿನಲ್ಲಿ ಕೈ ತಾಗಿದ್ದು."

"ಬೇಕೂಂತಲೇ ಅಮ್ಮ."

"ಹಾಗೆ ಹೇಳ್ಬೇಡ ಮಾರಾಯ್ತಿ. ಯಾರ ಹತ್ರವೂ ಹೇಳ್ಬೇಡ. ಅವಳೇ ಜಾರಿ ಬಿದ್ದೆ ಅಂತ ಹೇಳ್ತಾಳಲ್ಲ, ನಿಂಗೆ ಎಂತಕ್ಕೆ ಊರ ಉಸಾಬರಿ? ಕೈ ಎರಡು ತಿಂಗಳಲ್ಲಿ ಕೂಡ್ತದೆ. ನಿನ್ನ ಕೆಲಸ ಹೋದ್ರೆ ನಾವು ಎಂತ ಮಾಡುದು? ಅಕ್ಷಯನ ಮನೆಗೆ ಹೋಗಿ ಬೀಳುದಾ?"

ಅಕ್ಷಯನ ಹೆಸರು ಬಂದದ್ದೇ ಹರಿಣಿಗೆ ಮಂಗಳವಾರ ಬೆಳಿಗ್ಗೆ ನೆನಪಾಯಿತು. ಸ್ಟೇಶನ್ನಿಗೆ ಹೊರಟಾಗ ಅಣ್ಣನ ಫೋನು ಬಂದಿತ್ತು. ತಾಯಿಯ ಮೊಣಕಾಲಿನ ಆಪರೇಶನ್ನಿಗೆ ಯಾರು ರಜೆ ಹಾಕುವುದು ಎಂಬ ಮಾತು. "ನೀನು ಒಬ್ಳೇ ಅಲ್ವಾ, ಮದುವೆ ಮಕ್ಕಳು ಇಲ್ಲ, ನಿಂಗೆಂತ ಕಷ್ಟ?" ಎಂದಿದ್ದ. ಹರಿಣಿ ಉತ್ತರ ಕೊಡದೆ ಫೋನಿಟ್ಟಿದ್ದಳು. ಹೇಳದೆ ಉಳಿದ ಆ ಉತ್ತರವನ್ನು ಹೊತ್ತುಕೊಂಡೇ ಲೋಕಲ್ ಹತ್ತಿದ್ದಳು.

ಗುರುವಾರ ರೆಕಾರ್ಡ್ ರೂಮಿನ ಮೇಲಧಿಕಾರಿ ಕಾಶಿನಾಥ ಬಂದು ಮೇಜಿನ ಹತ್ತಿರ ನಿಂತರು. ಸೋಲಾಪುರದವರು, ನಿವೃತ್ತಿಗೆ ಒಂದೂವರೆ ವರ್ಷವಿತ್ತು.

"ಹರಿಣಿಬಾಯಿ, ಮಂಗಳವಾರದ್ದೊಂದು ಹಾಳಿ ಉಳದೈತಲ್ಲ. ನಿಮ್ಮ ಕಡೆ ಎಂದೂ ಉಳಿಯೂದಿಲ್ಲ."

"ಡಾಕ್ಟರ್ ಹತ್ರ ಕೇಳ್ಬೇಕು ಸರ್. ಎರಡು ಹೇಳಿಕೆ ಉಂಟು."

"ಹಂಗಾರ ಕೇಳ್ರಿ. ಕೇಳಿ ಮುಗಸ್ರಿ."

ಹರಿಣಿ ಚೀಟಿ ಕಳಿಸುವ ಬದಲು ತಾನೇ ಕ್ಯಾಜುವಲ್ಟಿಗೆ ಹೋದಳು. ಡಾಕ್ಟರ್ ನಿಖತ್ ಮೂವತ್ತು ತುಂಬದ ಹುಡುಗಿ, ಒಂದು ಕೈಯಲ್ಲಿ ಚಹಾ ಹಿಡಿದು ಇನ್ನೊಂದು ಕೈಯಲ್ಲಿ ಬರೆಯುತ್ತಿದ್ದಳು. ಹಾಳೆ ನೋಡಿ ಹಿಂದಿಯಲ್ಲಿ ಹೇಳಿದಳು: "ಮಗಳು ಅಲ್ಲಿರಲಿಲ್ಲ, ಕೇಳಿದ ಮಾತು ಹೇಳಿದಳು. ರೋಗಿಗೆ ಪ್ರಜ್ಞೆ ಇದೆ, ಜಾರಿದೆ ಅನ್ನುತ್ತಾಳೆ. ನಾನೇನು ಮಾಡಲಿ? ಜಾರಿ ಬಿದ್ದದ್ದು ಅಂತಲೇ ಹಾಕಿ." ಮಗಳ ಹೇಳಿಕೆಯ ಮೇಲೆ ಒಂದು ಗೆರೆ ಎಳೆದು, ಪಕ್ಕದಲ್ಲಿ ಸಹಿ ಮಾಡಿ, ಪೊಲೀಸ್ ಕೇಸಿನ ಜಾಗದಲ್ಲಿ 'ಇಲ್ಲ' ಎಂದು ಬರೆದು ಕೊಟ್ಟಳು. ಒಂದು ನಿಮಿಷವೂ ಹಿಡಿಯಲಿಲ್ಲ.

ಹರಿಣಿ ಮೇಜಿಗೆ ಬಂದಳು. ಈಗ ಎಲ್ಲವೂ ನಿಯಮದ ಪ್ರಕಾರವೇ ಇತ್ತು. ಹಾಳೆಯಲ್ಲಿ ಇದ್ದದ್ದನ್ನಷ್ಟೇ ಅವಳು ಹಾಕಬೇಕು. ಇಡೀ ಆಸ್ಪತ್ರೆಯಲ್ಲಿ ನಿಜ ಗೊತ್ತಿರುವ ಕೋಡರ್ ಅವಳೊಬ್ಬಳೇ, ಆದರೆ ಗೊತ್ತಿರುವುದನ್ನು ಬರೆಯುವುದು ಕೋಡರಿನ ಕೆಲಸವಲ್ಲ. ಜಾರಿ ಬಿದ್ದದ್ದರ ಅಂಕಿ ಒತ್ತಿದಳು. ಸೇವ್ ಮಾಡಿ, ಹಾಳೆಯನ್ನು ವಾರ್ಡಿನ ಫೈಲಿಗೆ ಕಳಿಸಿದಳು. ಪರದೆಯ ಮೇಲೆ ಮುಂದಿನ ಹೆಸರು ಬಂತು, ನಾಯಿ ಕಚ್ಚಿದ ಒಬ್ಬ ಮುದುಕ.

ಬಿಡುಗಡೆಯಾಯಿತು ಎಂದುಕೊಂಡಿದ್ದಳು. ಆದರೆ ಮೈಯೊಳಗೆ ಇರುವೆ ಹರಿದಂತೆ ಆಗತೊಡಗಿತು. ನಾಲ್ಕು ಗಂಟೆಗೆ ಹೊರಗೆ ಹೋಗಿ ಕಿತ್ತಳೆ ತಂದಳು. ಅಷ್ಟರಲ್ಲಿ ಹಾಲವ್ವಳ ಕೈಗೆ ಆಪರೇಶನ್ ಆಗಿ ಒಳಗೆ ಲೋಹದ ಪಟ್ಟಿ ಕೂರಿಸಿದ್ದರು. ಬಾಯಿ ಬಾತಿದ್ದವಳಿಗೆ ಹರಿಣಿ ಕಿತ್ತಳೆಯ ತೊಳೆಗಳ ಸಿಪ್ಪೆ ತೆಗೆದು ಒಂದೊಂದಾಗಿ ಕೊಟ್ಟಳು. ಸಪ್ನಾ "ದೀದಿ, ಇಷ್ಟು ಯಾರು ಮಾಡ್ತಾರೆ" ಎಂದಳು. ಹಾಲವ್ವ ತಿಂದಳು, ಹರಿಣಿಯ ಕೈಗಳನ್ನು ನೋಡುತ್ತಾ.

ಶುಕ್ರವಾರ ಬೆಳಿಗ್ಗೆ ಸಪ್ನಾ ನೇರವಾಗಿ ರೆಕಾರ್ಡ್ ರೂಮಿನ ಕಿಟಕಿಗೆ ಬಂದಳು. ಕಣ್ಣು ಕೆಂಪಾಗಿತ್ತು.

"ದೀದಿ, ನಾನು ಸ್ಟೇಶನ್ ಹೋಗಿದ್ದೆ, ರೈಲ್ವೆ ಪೊಲೀಸ್ ಹತ್ರ. ಕ್ಯಾಮೆರಾ ತೋರಿಸಿ ಅಂದೆ. ಹಾಸ್ಪಿಟಲ್ ಪೇಪರ್ ತಾ ಅಂದ್ರು. ವಾರ್ಡ್‌ನಲ್ಲಿ ಪೇಪರ್ ನೋಡಿದ್ರೆ, ಫಿಸಲ್ ಗಯೀ, ಜಾರಿದಳು ಅಂತ ಲಿಖಾ ಹೈ. ಮೊದ್ಲು ಡಾಕ್ಟರ್ ನಾನು ಹೇಳಿದ್ದು ಬರೆದಿದ್ರು, ಈಗ ಅದರ ಮೇಲೆ ಲೈನ್. ಯಾರು ಲೈನ್ ಹಾಕಿಸಿದ್ದು?"

ಹರಿಣಿ ಕೈಯಲ್ಲಿದ್ದ ಹಾಳೆಯನ್ನು ಕೆಳಗಿಟ್ಟಳು.

"ಆಯಿ ಹೆದರಿ ಝೂಠ್ ಹೇಳ್ತಾಳೆ, ನಾನು ಸಚ್ ಹೇಳ್ತೀನಿ. ನೀವು ಹಾಸ್ಪಿಟಲ್‌ವಾಲೇ ಝೂಠ್ ಬರ್ಕೊಂಡ್ರಿ. ಅಬ್ ನಾನು ಯಾರ ಹತ್ರ ಹೋಗ್ಲಿ?"

"ನೀನು ವಾರ್ಡಿಗೆ ಹೋಗು. ನಾನು ಬರ್ತೇನೆ."

ಹರಿಣಿ ಐದು ನಿಮಿಷ ಮೇಜಿನ ಮುಂದೆ ನಿಂತಳು. ಫ್ಯಾನಿನ ಗಾಳಿಗೆ ಹಾಳೆಗಳು ಎದ್ದೇಳುತ್ತಿದ್ದವು, ಒಂದರ ಮೇಲೆ ಪಂಚಿಂಗ್ ಮಷೀನು ಇಟ್ಟಳು. ತಾಯಿಯ ಮಾತು ನೆನಪಾಯಿತು, ಕೆಲಸ ನೆನಪಾಯಿತು. ಆಮೇಲೆ ಮಾಸ್ಕ್ ತೆಗೆದು ಕಸದ ಡಬ್ಬಿಗೆ ಹಾಕಿ ಮೇಲೆ ಹೋದಳು.

ಹಾಲವ್ವ ದಿಂಬಿಗೆ ಒರಗಿ ಕೂತಿದ್ದಳು. ಸಪ್ನಾ ಕಿಟಕಿಯ ಬಳಿ ಇದ್ದಳು. ಹರಿಣಿ ಕುರ್ಚಿಯಿದ್ದರೂ ಕೂರಲಿಲ್ಲ.

"ಅವತ್ತು ನಿಮ್ಮನ್ನು ದೂಡಿದ್ದು ನಾನು."

ಪಕ್ಕದ ಮಂಚದವಳ ಗುಳಿಗೆಯ ಡಬ್ಬಿ ಮುಚ್ಚಿದ ಸದ್ದು ಕೇಳಿಸಿತು. ಹಾಲವ್ವಳ ಮುಖ ಬದಲಾಗಲಿಲ್ಲ.

"ನಿನ್ನೆ ಅನಮಾನ ಬಂದಿತ್ತು ನನಗ," ಎಂದಳು. "ಈ ಊರಾಗ ಯಾರೂ ಸುಮಸುಮ್ಮನ ಹಣ್ಣ ತರೂದಿಲ್ಲ."

ಸಪ್ನಾ ಒಂದು ಹೆಜ್ಜೆ ಮುಂದೆ ಬಂದಳು. "ಕ್ಯಾ ಬೋಲಾ? ಫಿರ್ ಸೇ ಬೋಲೋ."

"ನಾನೇ ದೂಡಿದ್ದು."

"ನಮ್ಮ ಫಾರ್ಮ್ ತುಂಬಿದ್ರಿ. ಆಯಿಗೆ ಸಂತ್ರಾ ತಿನ್ನಿಸಿದ್ರಿ. ನಾನು ನಿಮಗೆ ದೀದಿ ಅಂದೆ!" ಸಪ್ನಾಳ ದನಿಗೆ ಇಡೀ ವಾರ್ಡು ತಿರುಗಿತು. ಅವಳ ಕೈ ಮೇಲೆದ್ದಿತ್ತು. ಹರಿಣಿ ಹಿಂದೆ ಸರಿಯಲಿಲ್ಲ. ಹೊಡೆದರೆ ಒಳ್ಳೆಯದು ಎಂದೇ ಅನಿಸಿತು. ಹಾಲವ್ವ ಎಡಗೈಯಿಂದ ಮಗಳ ಓಢಣಿ ಹಿಡಿದು ಜಗ್ಗಿದಳು.

"ನಿಂದರ. ನಾ ಕೇಳೂದೈತಿ." ಹಾಲವ್ವ ಹರಿಣಿಯನ್ನು ನೋಡಿದಳು. "ನಾ ನಿನ್ನ ಚೀಲಾ ಜಗ್ಗಿದೆ, ಹರೀತು. ಅದು ನನ್ನ ತಪ್ಪ. ಖರೆ, ಆಮ್ಯಾಲ ನಾ ನೆಟ್ಟಗ ನಿಂತಿದ್ನಿ. ತಪ್ಪಾತವ್ವಾ ಅನ್ನಾಕ ಬಾಯಿ ತಗದಿದ್ನಿ. ನೀ ನನ್ನ ಮಾರಿ ನೋಡಿದಿ. ನೋಡಿದಿ ಇಲ್ಲೋ?"

"ನೋಡಿದೆ."

"ಮತ್ತ ಯಾಕ ದೂಡಿದಿ?"

"ಸಿಟ್ಟು ಬಂದಿತ್ತು."

"ನನ್ನ ಮ್ಯಾಲ?"

"ನಿಮ್ಮ ಮೇಲೆ ಅಲ್ಲ. ಬೇರೆಯವರ ಮೇಲೆ."

"ಅವರನ್ನ ಯಾಕ ದೂಡಲಿಲ್ಲ?"

ಹರಿಣಿ ಅಳತೊಡಗಿದಳು. ಹಾಲವ್ವ ಸಮಾಧಾನ ಹೇಳಲಿಲ್ಲ. ಅಳು ಮುಗಿಯುವವರೆಗೆ ಕಾದಳು. ಆಮೇಲೆ ತನ್ನ ಬಲಗೈಯ ಕಡೆ ನೋಡಿಕೊಂಡು, "ಈ ಕೈಲೆ ಇಪ್ಪತ್ತಾರ ವರ್ಷ ಬುಟ್ಟಿ ಹೊತ್ತೀನಿ" ಎಂದಳು. ಎಡಗೈಯಿಂದ ಕಣ್ಣೊರೆಸಿಕೊಂಡಳು. ಅಲ್ಲಿಯವರೆಗೆ ಹಾಲವ್ವ ಅತ್ತಿರಲಿಲ್ಲ.

ಸಪ್ನಾ ಕೇಳಿದಳು: "ಪೇಪರ್ ಬದಲು ಆಗ್ತದಾ?"

"ಆಗ್ತದೆ. ನಿನ್ನ ಅಮ್ಮ ಡಾಕ್ಟರಿಗೆ ನಿಜ ಹೇಳ್ಬೇಕು. ಹೇಳಿದ್ರೆ ಪೊಲೀಸರಿಗೆ ತಿಳಿಸ್ತಾರೆ."

"ಆಯಿ, ಹೇಳು. ಇವಳು ಇಲ್ಲಿ ನಿಂತಿದ್ದಾಳೆ, ಇವಳ ಸಾಮ್ನೆ ಹೇಳು."

ಹಾಲವ್ವ ತನ್ನ ಬಲಗೈಯನ್ನು ಮತ್ತೊಮ್ಮೆ ನೋಡಿಕೊಂಡಳು. "ಬುಟ್ಟಿ ಹೊರೂದು ಹೆಂಗೂ ಮುಗೀತು. ಕರಿ ಡಾಕ್ಟರನ್ನ" ಎಂದಳು ಕೊನೆಗೆ.

ಮುಂದಿನದೆಲ್ಲ ಬೇಗಬೇಗ ನಡೆಯಿತು. ಡಾಕ್ಟರ್ ನಿಖತ್ ಬಂದು ಹಾಲವ್ವಳ ಹೇಳಿಕೆಯನ್ನು ಹೊಸದಾಗಿ ಬರೆದುಕೊಂಡಳು: ಸ್ಟೇಶನ್ನಿನಲ್ಲಿ ಒಬ್ಬ ಹೆಂಗಸು ಬೇಕೆಂದೇ ಎರಡೂ ಕೈಯಿಂದ ದೂಡಿದ್ದರಿಂದ ಬಿದ್ದೆ, ಆ ಹೆಂಗಸು ಈ ಆಸ್ಪತ್ರೆಯಲ್ಲೇ ಕೆಲಸ ಮಾಡುತ್ತಾಳೆ. ಬರೆಯುತ್ತಾ ಎರಡು ಸಲ ಹರಿಣಿಯ ಮುಖ ನೋಡಿದಳು. ಪೊಲೀಸರಿಗೆ ತಿಳಿಸುವ ಹಾಳೆ ಹೋಯಿತು. ಕಾಶಿನಾಥ ಬಾಗಿಲು ಹಾಕಿಕೊಂಡು ಹರಿಣಿಯನ್ನು ಒಳಗೆ ಕರೆದರು.

"ದೂಡಿದ್ದು ಒಂದ ಮಾತು. ಮನಷ್ಯಾಗ ಸಿಟ್ಟು ಬರ್ತದ. ಖರೆ, ನಿಮ್ಮ ಸ್ವಂತ ಕೇಸಿಗೆ ನೀವs ಕೋಡ್ ಹಾಕಿದ್ರಲ್ಲ, ಹರಿಣಿಬಾಯಿ? ಹನ್ನೊಂದು ವರ್ಷ ನಿಮ್ಮ ಹಾಳಿ ನಾ ತಿರುಗಿ ನೋಡಿಲ್ಲ. ಇನ್ನ ಎಲ್ಲಾ ತಿರುಗಿ ನೋಡಬೇಕಾತು."

ಸಪ್ನಾ ಹೊಡೆದಿದ್ದರೂ ಹರಿಣಿಗೆ ಈ ಮಾತಿನಷ್ಟು ತಾಗುತ್ತಿರಲಿಲ್ಲ. ಅವರು ಅವಳ ಎದುರಿಗೇ ಹಳೆಯ ಅಂಕಿಯನ್ನು ಅಳಿಸಿ, ಹಲ್ಲೆಯ ಅಧ್ಯಾಯದ ಅಂಕಿಯನ್ನು ತಮ್ಮ ಹೆಸರಿನಲ್ಲಿ ಹಾಕಿದರು.

ಶನಿವಾರ ರೈಲ್ವೆ ಪೊಲೀಸಿನ ಹವಾಲ್ದಾರ ಬಂದು ಇಬ್ಬರ ಹೇಳಿಕೆಯನ್ನೂ ತೆಗೆದುಕೊಂಡ. ಹಾಲವ್ವ ಹೇಳಿದಳು: "ಆಗಿದ್ದು ಆದಂಗ ಬರಕೊ ಸಾಹೇಬ. ಆಕಿನ್ನ ಜೇಲಿಗೆ ಹಾಕೂದು ನನಗ ಬ್ಯಾಡ." ಹವಾಲ್ದಾರ ಮರಾಠಿಯಲ್ಲಿ, ಎಲುಬು ಮುರಿದಿದೆ, ಬೇಡ ಅಂದ ಮಾತ್ರಕ್ಕೆ ಮುಗಿಯುವುದಿಲ್ಲ, ಮೇಲಿನವರು ನೋಡುತ್ತಾರೆ ಎಂದ. ಆಮೇಲೆ ಹರಿಣಿಯನ್ನು ಎರಡು ಸಲ ಠಾಣೆಗೆ ಕರೆಸಿದರು, ಎರಡು ಸಲವೂ ಗಂಟೆಗಟ್ಟಲೆ ಬೆಂಚಿನ ಮೇಲೆ ಕೂರಿಸಿ ಕಳಿಸಿದರು. ಆ ಕೇಸು ಇನ್ನೂ ಹಾಗೆಯೇ ಇದೆ. ಆಸ್ಪತ್ರೆಯವರು ಅವಳನ್ನು ಕೆಲಸದಿಂದ ತೆಗೆಯಲಿಲ್ಲ. ಮೂರು ತಿಂಗಳು ಕಂಪ್ಯೂಟರ್ ಮುಟ್ಟದಂತೆ ಮಾಡಿ, ನೆಲಮಾಳಿಗೆಯಲ್ಲಿ ಹಳೆಯ ಫೈಲುಗಳನ್ನು ವರ್ಷದ ಪ್ರಕಾರ ಜೋಡಿಸಲು ಕಳಿಸಿದರು. ನೀಲಾವತಿ ಎಂಟು ದಿನ ಮಗಳ ಜೊತೆ ಸರಿಯಾಗಿ ಮಾತಾಡಲಿಲ್ಲ. ಒಂಬತ್ತನೆಯ ದಿನ ಹರಿಣಿ ಅಣ್ಣನಿಗೆ ಫೋನು ಮಾಡಿ, "ಅಮ್ಮನ ಆಪರೇಶನ್ನಿಗೆ ನೀನು ರಜೆ ಹಾಕು. ನನ್ನಿಂದ ಆಗುದಿಲ್ಲ" ಎಂದಳು. ಅಕ್ಷಯ ಕೂಗಾಡಿದ. ಅವಳು ಈ ಸಲ ಫೋನಿಡದೆ ಪೂರ್ತಿ ಕೇಳಿದಳು, ಕೇಳಿ ಅದೇ ಮಾತನ್ನು ಮತ್ತೊಮ್ಮೆ ಹೇಳಿದಳು.

ಒಂದೂವರೆ ತಿಂಗಳ ಮೇಲೆ ಸಪ್ನಾಳ ಫೋನು ಬಂತು. ದೀದಿ ಎನ್ನಲಿಲ್ಲ.

"ಆಯಿಗೆ ಪ್ರತಿ ಬುಧವಾರ ಎಕ್ಸರ್ಸೈಜ್‌ಗೆ ಬರ್ಬೇಕು ಅಂದಿದ್ದಾರೆ. ಬುಧವಾರ ನನಗೆ ಛುಟ್ಟಿ ಸಿಗಲ್ಲ. ನೀವು ಕರ್ಕೊಂಡ್ ಹೋಗಿ. ಮಾಫ್ ಕಿಯಾ ಅಂತ ಅಲ್ಲ. ಯಾರಾದ್ರೂ ಕರ್ಕೊಂಡ್ ಹೋಗ್ಬೇಕಲ್ಲ, ಅದಕ್ಕೆ."

"ಎಷ್ಟು ಗಂಟೆಗೆ ಬರ್ಬೇಕು?"

"ಒಂಬತ್ತು."

ಹರಿಣಿ ಬುಧವಾರಗಳಿಗೆ ಅರ್ಧ ದಿನದ ರಜೆ ಹಾಕಿದಳು. ಹಾಲವ್ವ ಲೋಕಲ್ ಹತ್ತಲು ಒಪ್ಪಲಿಲ್ಲ. ಸ್ಟೇಶನ್ನಿನ ಮೆಟ್ಟಿಲ ತನಕ ಬಂದು, ಮೇಲೆ ನೋಡಿ, "ಬ್ಯಾಡ" ಎಂದು ತಿರುಗಿದಳು. ಹಾಗಾಗಿ ಬಸ್ಸು. ಕುರ್ಲಾದಿಂದ ಬೈಕುಲ್ಲಾಕ್ಕೆ ಒಂದು ಗಂಟೆ, ಕೆಲವೊಮ್ಮೆ ಒಂದೂವರೆ. ಬಸ್ಸಿನಲ್ಲಿ ಹಾಲವ್ವ ಕಿಟಕಿಯ ಕಡೆ, ಹರಿಣಿ ಈಚೆ. ಮೊದಲ ಬುಧವಾರ ಹರಿಣಿ ಇಡೀ ದಾರಿ ಟಿಕೇಟನ್ನು ಮಡಿಸಿ ಬಿಡಿಸಿ ಪುಡಿ ಮಾಡಿದಳು. ಎರಡನೆಯ ವಾರ ಹಾಲವ್ವ, ಬುಟ್ಟಿ ಹೊರುವುದು ಇನ್ನಾಗದು, ಅದೇ ಬಿಲ್ಡಿಂಗಿನಲ್ಲಿ ಹೊಸ ಗಾರೆಗೆ ನೀರು ಹೊಡೆಯುವ ಕೆಲಸ ಕೊಟ್ಟಿದ್ದಾರೆ, ಪೈಪು ಎಡಗೈಲಿ ಹಿಡಿಯುತ್ತೇನೆ ಎಂದು ಹೇಳಿದಳು. ಮೂರನೆಯ ವಾರ ಮಗಳಿಗೆ ಒಂದು ಗಂಡು ನೋಡಲು ಬಂದಿದ್ದರು ಎಂದಳು, ಹುಡುಗ ಸಪ್ನಾಳಿಗೆ ಹಿಡಿಸಲಿಲ್ಲವಂತೆ.

ವ್ಯಾಯಾಮದ ಕೋಣೆಯಲ್ಲಿ ಮೃದುವಾದ ಚೆಂಡೊಂದನ್ನು ಕೊಟ್ಟು ಹಿಂಡಲು ಹೇಳುತ್ತಿದ್ದರು. ಹಾಲವ್ವಳ ಕಿರುಬೆರಳು ಮತ್ತು ಉಂಗುರದ ಬೆರಳು ಪೂರ್ತಿ ಮಡಚುತ್ತಿರಲಿಲ್ಲ. ಅವಳು ಹಲ್ಲು ಕಚ್ಚಿ ಹಿಂಡುವಾಗ, ಎದುರು ಸ್ಟೂಲಿನ ಮೇಲೆ ಕೂತ ಹರಿಣಿಯ ಬೆರಳುಗಳೂ ತಮ್ಮಷ್ಟಕ್ಕೆ ಮಡಚಿಕೊಳ್ಳುತ್ತಿದ್ದವು.

ನಾಲ್ಕನೆಯ ಬುಧವಾರ ಹರಿಣಿ ಹದಿನೈದು ನಿಮಿಷ ತಡವಾಗಿ ಹಾಲವ್ವಳ ಮನೆಯಿದ್ದ ಚಾಳಿಗೆ ಹೋದಳು. ಹಾಲವ್ವ ಆಗಲೇ ಚಪ್ಪಲಿ ಮೆಟ್ಟಿಕೊಂಡು ಗಲ್ಲಿಯಲ್ಲಿ ನಿಂತಿದ್ದಳು.

"ಯಾಕ ತಡಾ?"

"ಅಮ್ಮನಿಗೆ ಮೊನ್ನೆ ಮೊಣಕಾಲಿನ ಆಪರೇಶನ್ ಆಯ್ತು. ಅಣ್ಣ ಬರುವ ತನಕ ಇರ್ಬೇಕಾಯ್ತು."

"ಅಣ್ಣ ಬಂದಾನೇನು?"

"ಬಂದಿದ್ದಾನೆ."

ಹಾಲವ್ವ ಅವಳ ಮುಖವನ್ನು ಒಂದು ಗಳಿಗೆ ನೋಡಿದಳು. "ನಡಿ, ಬಸ್ಸ ಹೋಕ್ಕೈತಿ" ಎಂದು ಮುಂದೆ ಹೊರಟಳು. ಗಲ್ಲಿ ಇಕ್ಕಟ್ಟಾಗಿತ್ತು. ಎದುರಿನಿಂದ ಗ್ಯಾಸ್ ಸಿಲಿಂಡರಿನ ಕೈಗಾಡಿ ಬರುತ್ತಿತ್ತು. ಹರಿಣಿ ಬೇಗ ಬೇಗ ಹೆಜ್ಜೆ ಹಾಕಿ ಹಾಲವ್ವಳ ಬಲಗಡೆಗೆ ಬಂದು, ಆ ಕೈಗೆ ಯಾರೂ ತಾಗದಂತೆ ನಡೆಯತೊಡಗಿದಳು.